ಮೋರಿಸ್ ಕ್ವಾಡ್ರಸ್‌ಗೆ ತಂಡ ಯಾಕೆ ಸಿಗಲಿಲ್ಲ

ಎಲ್ಲರಿಗೂ ನಮಸ್ಕಾರ. ವೇದಿಕೆಯ ಮೇಲಿರುವ ಫಾದರ್ ಅವರಿಗೆ, ಕುವೈತಿನ ನಮ್ಮ ಶುಕ್ರವಾರದ ಕ್ರಿಕೆಟ್ ಲೀಗಿನ ಅಧ್ಯಕ್ಷರಾದ ಆನ್ಸನ್ ಅವರಿಗೆ, ಎಲ್ಲ ತಂಡಗಳ ನಾಯಕರಿಗೆ, ಪಾಳಿ ಬದಲಿಸಿಕೊಂಡು ಶುಐಬಾದಿಂದ ಅಬ್ಬಾಸಿಯಾದ ತನಕ ಬಂದಿರುವ ನನ್ನ ಸಹೋದ್ಯೋಗಿಗಳಿಗೆ — ಮತ್ತು ಮುಂದಿನ ಸಾಲಿನಲ್ಲಿ ಕುಳಿತಿರುವ ಮೋರಿಸ್ ಅವರ ಪತ್ನಿ ಮೊಲ್ಲಿ ಅಕ್ಕನಿಗೆ, ಮಗ ಶೇನ್‌ಗೆ ನಮಸ್ಕಾರ. ಮೊದಲು ಹೇಳಬೇಕಾದವರನ್ನು ಕೊನೆಗೆ ಹೇಳಿದೆ. ಸಭೆಗಳಲ್ಲಿ ಹಾಗೇ ರೂಢಿಯಾಗಿಬಿಟ್ಟಿದೆ ನೋಡಿ.

ನಾನು ಗುರುಸಿದ್ದ. ಬಾಗಲಕೋಟೆ ಕಡೆಯವನು. ಶುಐಬಾದ ಒಂದು ಕಾರ್ಖಾನೆಯಲ್ಲಿ ಪಂಪು, ವಾಲ್ವು ರಿಪೇರಿ ಮಾಡುತ್ತೇನೆ. ಅಲ್ಲೇ ಸ್ಟೋರಿನಲ್ಲಿ ದಿವಂಗತ ಮೋರಿಸ್ ಕ್ವಾಡ್ರಸ್ ಅವರು ಕೆಲಸ ಮಾಡುತ್ತಿದ್ದರು. — ಇಲ್ಲ, ಈ 'ಅವರು' ನನಗೆ ಬಾಯಿಗೆ ಬರುವುದಿಲ್ಲ. ಬದುಕಿದ್ದಾಗ ಹೀಗೆ ಕರೆದಿದ್ದರೆ ಅವನೇ ನಗುತ್ತಿದ್ದ. ನಾನು ಅವನನ್ನು ಅವನು ಎಂದೇ ಹೇಳುತ್ತೇನೆ. ಮೊಲ್ಲಿ ಅಕ್ಕ, ತಪ್ಪು ತಿಳಿಯಬೇಡಿ.

ನನಗೆ ಕ್ರಿಕೆಟ್ ಬರುವುದಿಲ್ಲ. ಬ್ಯಾಟು ಹಿಡಿದವನಲ್ಲ, ಚೆಂಡು ಎಸೆದವನಲ್ಲ. ಶುಕ್ರವಾರ ಬೆಳಿಗ್ಗೆ ಹೊದ್ದು ಮಲಗಬೇಕಾದ ಹೊತ್ತಿನಲ್ಲಿ ಇವನನ್ನು ಕಾರಿನಲ್ಲಿ ಕೂರಿಸಿಕೊಂಡು ಸುಲೈಬಿಯಾದ ಮೈದಾನಕ್ಕೆ ಬಿಡುತ್ತಿದ್ದವನು, ಅಷ್ಟೇ. ಹಾಗಾದರೆ ಇಷ್ಟು ಜನ ಆಟಗಾರರಿರುವಾಗ ನೀನ್ಯಾಕೆ ಮಾತಾಡುತ್ತೀ ಎಂದು ನೀವು ಕೇಳಬಹುದು. ಕಾರಣವಿದೆ. ಹೇಳುತ್ತೇನೆ. ನನಗೆ ಐದು ನಿಮಿಷ ಕೊಟ್ಟಿದ್ದಾರೆ, ನಾಲ್ಕು ಒಳ್ಳೆಯ ಮಾತು ಆಡಿ ಇಳಿಯಿರಿ ಎಂದಿದ್ದಾರೆ. ಐದು ನಿಮಿಷದಲ್ಲಿ ಆಗುವುದಿಲ್ಲ. ನಿರೂಪಕರು ಚೀಟಿ ಕಳಿಸುವ ಕಷ್ಟ ತೆಗೆದುಕೊಳ್ಳಬಾರದು.

ಮೊದಲು ಈ ಬ್ಯಾನರ್ ನೋಡಿ. ಹಿಂದೆ ತಿರುಗಿ ನೋಡಿ, ಬಾಗಿಲ ಹತ್ತಿರವೂ ಒಂದು ಕಟ್ಟಿದ್ದಾರೆ. ಮೋರಿಸ್ ಬ್ಯಾಟು ಹಿಡಿದು ನಿಂತಿದ್ದಾನೆ. ಬಿಳಿ ಅಂಗಿ. ಆ ಬ್ಯಾಟು ಯಾರದೋ, ಆ ಅಂಗಿ ಕಂಪ್ಯೂಟರಿನದು. ಸ್ವಲ್ಪ ಹೊತ್ತಿನ ಮುಂಚೆ ಅಧ್ಯಕ್ಷರು ಘೋಷಣೆ ಮಾಡಿದರು — ಇನ್ನು ಮುಂದೆ ಲೀಗಿನ ಅತ್ಯುತ್ತಮ ಬ್ಯಾಟ್ಸ್‌ಮನ್‌ಗೆ ಮೋರಿಸ್ ಹೆಸರಿನ ಟ್ರೋಫಿ. ನೀವೆಲ್ಲ ಚಪ್ಪಾಳೆ ತಟ್ಟಿದಿರಿ. ನನಗೆ ಒಂದೇ ಪ್ರಶ್ನೆ. ಈ ಮನುಷ್ಯ ಬ್ಯಾಟು ಬೀಸಿದ್ದನ್ನು ನಿಮ್ಮಲ್ಲಿ ಯಾರು ನೋಡಿದ್ದೀರಿ? ಹನ್ನೊಂದನೆಯವನಾಗಿ ಪ್ಯಾಡು ಕಟ್ಟಿ ಕೂತು, ಪ್ಯಾಡು ಬಿಚ್ಚಿ ಎದ್ದವನು ಅವನು. ಅವನು ಫೀಲ್ಡರ್. ಬೌಂಡರಿ ಗೆರೆಯ ಹತ್ತಿರ, ಎಲ್ಲರಿಗಿಂತ ದೂರ, ಬಿಸಿಲಿಗೆ ಮುಖ ಕೊಟ್ಟು ನಿಲ್ಲುವ ಫೀಲ್ಡರ್. ಅವನಿಗೆ ಗೊತ್ತಿದ್ದದ್ದು ಅದೊಂದೇ ಕೆಲಸ. ಆ ಒಂದನ್ನು ಬಿಟ್ಟು ಉಳಿದದ್ದೆಲ್ಲ ನಿಮಗೆ ನೆನಪಿದೆ.

ಸರಿ. ಅವನ ಕಥೆ ಹೇಳುತ್ತೇನೆ, ಗೊತ್ತಿಲ್ಲದವರಿಗಾಗಿ.

ಕಿನ್ನಿಗೋಳಿಯಲ್ಲಿ ಹುಡುಗನಾಗಿದ್ದಾಗಲೇ ಅವನು ಗದ್ದೆ ಕೊಯ್ದ ಮೇಲೆ ನಡೆಯುತ್ತಿದ್ದ ಟೆನಿಸ್ ಬಾಲ್ ಟೂರ್ನಮೆಂಟುಗಳಿಗೆ ಊರೂರು ತಿರುಗುತ್ತಿದ್ದನಂತೆ. ಆ ಕಾಲದಲ್ಲಿ ಇಲ್ಲಿಯ ಒಂದು ಕಂಪನಿಯ ಮುದೀರ್ — ಮ್ಯಾನೇಜರ್ — ಕ್ರಿಕೆಟ್ ಹುಚ್ಚಿನವನು. ಕಂಪನಿಗೆ ಒಂದು ತಂಡ ಕಟ್ಟಬೇಕು ಎಂದು ಮಂಗಳೂರಿಗೆ ಹೋಗಿ ಲಾಡ್ಜಿನಲ್ಲಿ ಕೂತು ಸಂದರ್ಶನ ಮಾಡಿದ. ಮೋರಿಸ್ ಸರ್ಟಿಫಿಕೇಟು ಹಿಡಿದು ಬಾಗಿಲಲ್ಲಿ ನಿಂತಿದ್ದಾನೆ. ಮುದೀರ್ ಏನೂ ಕೇಳಲಿಲ್ಲ. ತಟ್ಟೆಯಿಂದ ಒಂದು ಸೇಬು ತೆಗೆದು — ಹೀಗೆ — ತೆರೆದಿದ್ದ ಕಿಟಕಿಯ ಕಡೆಗೆ ಎಸೆದ. ಇವನು ಸರ್ಟಿಫಿಕೇಟು ಬಲಗೈಯಲ್ಲೇ ಇಟ್ಟುಕೊಂಡು ಎಡಗೈಯಲ್ಲಿ ಅದನ್ನು ಹಿಡಿದು, ತಂದು ತಟ್ಟೆಯಲ್ಲಿ ವಾಪಸ್ಸು ಇಟ್ಟ. ಅಷ್ಟೇ. ಕುವೈತಿನ ವೀಸಾ ಆಯಿತು. ವೀಸಾದಲ್ಲಿ ಸ್ಟೋರ್‌ಕೀಪರ್. ಮಾಡಬೇಕಾದದ್ದು ಫೀಲ್ಡಿಂಗ್.

ನಾನು ಒಮ್ಮೆ ಕೇಳಿದೆ, "ಅಲ್ಲೋ, ಸೇಬು ಅವನಿಗ್ಯಾಕ ವಾಪಸ್ ಕೊಟ್ಟಿ? ತಿನ್ನಬೇಕಿತ್ತಿಲ್ಲ?"

"ಅದು ಅವರದ್ದಲ್ವ ಮಾರಾಯ," ಅಂದ.

ಈ ಉತ್ತರ ಕೇಳಿ ನನಗೆ ಆವತ್ತು ನಗು ಬಂತು. ಈಗ ಸಿಟ್ಟು ಬರುತ್ತದೆ.

ಮೂರು ನಾಲ್ಕು ವರ್ಷ ಒಳ್ಳೆಯದೇ ಆಯಿತು. ಪಗಾರ ತೆಗೆದುಕೊಂಡು ಆಡಿದ. ಪ್ರೊಫೆಷನಲ್ ಅನ್ನುತ್ತೀರಲ್ಲ, ಅದೇ. ಆಮೇಲೆ ಆ ಮುದೀರ್ ಬದಲಾದ. ಹೊಸಬನಿಗೆ ಆಟ ಅಂದರೆ ಆಗದು. ಸ್ಟೋರ್‌ಕೀಪರ್ ಎಂದರೆ ಸ್ಟೋರಿನಲ್ಲಿರಬೇಕು ಅಂದ. ತಂಡ ಖಲಾಸ್. ಇನ್ನೊಂದು ಕಂಪನಿ ಕರೆಯಿತು, ಶರ್ಕ್‌ನಲ್ಲಿ ಆಫೀಸು. ಅಲ್ಲಿ ಇಕಾಮಾದಲ್ಲಿ — ವಾಸದ ಪರವಾನಗಿಯಲ್ಲಿ — ಡ್ರೈವರ್ ಆದ. ಎರಡು ಸೀಸನ್ ಆಡಿಸಿ, ಫೈನಲ್ ಸೋತ ಸಿಟ್ಟಿಗೆ ಮಾಲೀಕ ಇಡೀ ತಂಡವನ್ನೇ ಬಿಟ್ಟ. ಆಮೇಲೆ ಫರ್ವಾನಿಯಾದ ಒಂದು ಹೋಟೆಲಿನ ತಂಡ. ಇಕಾಮಾದಲ್ಲಿ ಸೇಲ್ಸ್‌ಮನ್. ಆಮೇಲೆ ಇನ್ನೊಂದು, ಮತ್ತೊಂದು. ವೀಸಾ ಕೊಡುವ ಕಫೀಲ್ ಬದಲಾದ, ಹುದ್ದೆ ಬದಲಾಯಿತು, ಅಂಗಿಯ ಬಣ್ಣ ಬದಲಾಯಿತು. ಇವನು ನಿಲ್ಲುವ ಜಾಗ ಬದಲಾಗಲಿಲ್ಲ. ಎಲ್ಲಿ ಹೋದರೂ ಬೌಂಡರಿ ಗೆರೆಯೇ.

ನಲವತ್ತು ದಾಟಿತು. ಪಗಾರ ಕೊಟ್ಟು ಆಡಿಸುವ ಕಂಪನಿಗಳೂ ಇಲ್ಲವಾದವು. ಕೊನೆಗೆ ನಮ್ಮ ಕಾರ್ಖಾನೆಯ ಸ್ಟೋರಿಗೆ ಬಂದ, ಈ ಸಲ ನಿಜವಾಗಿಯೂ ಸ್ಟೋರ್‌ಕೀಪರ್ ಆಗಿ. ಆಟ ಎಂದರೆ ಇನ್ನು ನಿಮ್ಮ ಈ ಶುಕ್ರವಾರದ ಲೀಗು ಮಾತ್ರ.

ಇಲ್ಲಿಂದ ನನ್ನ ಸಿಟ್ಟು ಶುರು.

ಆಟ ಗೊತ್ತಿಲ್ಲದವರಿಗೆ ಲೀಗಿನ ನಿಯಮ ಹೇಳುತ್ತೇನೆ. ಸೆಪ್ಟೆಂಬರಿನಲ್ಲಿ ಪ್ರತಿ ತಂಡವೂ ತನ್ನ ಆಟಗಾರರ ಹೆಸರು ರಿಜಿಸ್ಟರ್ ಮಾಡಿಸಬೇಕು. ಒಂದು ತಂಡದಲ್ಲಿ ಹೆಸರಿದ್ದವನು ಇನ್ನೊಂದಕ್ಕೆ ಆಡುವ ಹಾಗಿಲ್ಲ. ಆದರೆ ಯಾರದೋ ಡ್ಯೂಟಿ, ಯಾರಿಗೋ ಜ್ವರ, ಒಬ್ಬ ಕಮ್ಮಿ ಬಿದ್ದರೆ, ಎಲ್ಲಿಯೂ ಹೆಸರಿಲ್ಲದ ಒಬ್ಬನನ್ನು ಗೆಸ್ಟ್ ಎಂದು ಕರೆದು ಫೀಲ್ಡಿಂಗಿಗೆ ನಿಲ್ಲಿಸಬಹುದು. ಗೆಸ್ಟಿಗೆ ಮೆಡಲ್ ಇಲ್ಲ, ಗ್ರೂಪ್ ಫೋಟೋ ಇಲ್ಲ. ಆಟ ಮುಗಿದ ಮೇಲೆ ಬಿರಿಯಾನಿ ಉಂಟು.

ಪ್ರತಿ ಸೆಪ್ಟೆಂಬರಿನಲ್ಲಿಯೂ ಮೋರಿಸ್ ಮೊಬೈಲನ್ನು ಜೇಬಿನಲ್ಲಿಡುತ್ತಿರಲಿಲ್ಲ. ಸ್ಟೋರಿನ ಮೇಜಿನ ಮೇಲೆ, ಕಣ್ಣೆದುರಿಗೆ. ನಾನು ಗ್ಯಾಸ್ಕೆಟ್ ಕೇಳಲು ಹೋದರೆ ಕಪಾಟಿನ ಕಡೆ ಹೋಗುವಾಗಲೂ ತಿರುಗಿ ತಿರುಗಿ ಅದನ್ನೇ ನೋಡುವುದು.

"ಏನೋ, ಕ್ಯಾಪ್ಟನ್‌ಗಳು ಯಾರರ ಕರದ್ರ?"

"ಶಬೀರ್ ಹೇಳಿದ್ದಾನೆ, ಈ ಸಲ ನೋಡುವ ಅಂತ. ಅಬ್ದುಲ್ ಸಲಾಂ ಸಹ ನೋಡುವ ಅಂದಿದ್ದಾರೆ."

ನೋಡುವ. ನೋಡುವ. ಕರಾವಳಿಯವರ ಈ 'ನೋಡುವ' ಇದೆಯಲ್ಲ — ಕ್ಷಮಿಸಿ, ನಿಮ್ಮ ಭಾಷೆ ಸಿಹಿ, ನನಗೆ ಪ್ರೀತಿಯಿದೆ, ಆದರೆ ಈ ಒಂದು ಮಾತು ಕೇಳಿದರೆ ನನಗೆ ಮೈಯುರಿಯುತ್ತದೆ. ಆಗುತ್ತದೆ ಎನ್ನಿ, ಇಲ್ಲ ಎನ್ನಿ. ವರ್ಷಗಟ್ಟಲೆ ನೋಡಿದಿರಿ. ನೋಡಿ ಏನು ಮಾಡಿದಿರಿ?

ಹೆಸರು ಬರೆಸುವ ಕೊನೆಯ ದಿನ ಕಳೆಯುತ್ತಿತ್ತು. ಫೋನ್ ಬರುತ್ತಿರಲಿಲ್ಲ. ಎರಡು ದಿನ ಮಾತು ಕಡಿಮೆ ಮಾಡುತ್ತಿದ್ದ. ಮೊಲ್ಲಿ ಅಕ್ಕನಿಗೆ ನನಗಿಂತ ಚೆನ್ನಾಗಿ ಗೊತ್ತು. ಆಮೇಲೆ ಮೊದಲ ಶುಕ್ರವಾರ ಬೆಳಕು ಹರಿಯುವ ಮುಂಚೆ ಫೋನ್ — "ಮೋರಿಸ್ ಭಾಯಿ, ಒಬ್ಬ ಜನ ಕಮ್ಮಿ ಉಂಟು, ಯಲ್ಲಾ ಬನ್ನಿ." ಹೊರಟ. ಒಂದು ವಾರ ಶಬೀರ್ ತಂಡ, ಮುಂದಿನ ವಾರ ಸಲಾಂ ತಂಡ, ಅದರ ಮುಂದಿನ ವಾರ ಅಧ್ಯಕ್ಷ ಆನ್ಸನ್ ಅವರದೇ ತಂಡ. ಒಮ್ಮೆಯೂ ಬರುವುದಿಲ್ಲ ಎಂದವನಲ್ಲ.

ನಾನು ಬೈಯುತ್ತಿದ್ದೆ. "ಅವರಿಗೆ ನೀ ಬ್ಯಾಡಾಗಿ, ನಿಂಗ ಅವರು ಯಾಕ ಬೇಕೋ? ಹೋಗಬ್ಯಾಡ. ಒಂದ್ ಶುಕ್ರವಾರ ಫೋನ್ ಎತ್ತಬ್ಯಾಡ. ಆವಾಗ ಬುದ್ಧಿ ಬರತೈತಿ ಅವರಿಗೆ."

"ಹೋಗದಿದ್ರೆ ಅವರು ಹತ್ತೇ ಜನ ಆಗ್ತಾರಲ್ಲ ಗುರು."

ನಾನು ಗಾಡಿ ಸ್ಟಾರ್ಟ್ ಮಾಡುತ್ತಿದ್ದೆ.

ಒಂದು ಮ್ಯಾಚು ಹೇಳುತ್ತೇನೆ. ನಿಮ್ಮಲ್ಲಿ ಬಹಳ ಜನ ಅಲ್ಲಿದ್ದಿರಿ. ಸೆಮಿಫೈನಲ್, ಸಲಾಂ ತಂಡದಲ್ಲಿ ಇವನು ಗೆಸ್ಟ್. ಕೊನೆಯ ಓವರಿನ ಹೊತ್ತಿಗೆ ಧೂಳುಗಾಳಿ ಎದ್ದಿತು. ಕಣ್ಣು ಬಿಡಲು ಆಗದು. ಬ್ಯಾಟ್ಸ್‌ಮನ್ ಎತ್ತಿ ಹೊಡೆದ. ಚೆಂಡು ಮೇಲೆ ಹೋದದ್ದು ಕಂಡಿತು, ಆಮೇಲೆ ಕಾಣಲಿಲ್ಲ. ಎಲ್ಲರೂ ನಿಂತಲ್ಲೇ ನಿಂತರು. ಇವನೊಬ್ಬ — ಬೆನ್ನು ತಿರುಗಿಸಿ, ತಲೆ ತಗ್ಗಿಸಿ, ಗೆರೆಯ ಉದ್ದಕ್ಕೆ ಓಡಿದ. ಧೂಳಿನ ಒಳಗೆ ಹೋದ. ನಾನು ಕಾರಿನ ಪಕ್ಕದಲ್ಲಿ ಬಾಯಿಗೆ ಟವೆಲ್ ಕಟ್ಟಿಕೊಂಡು ನೋಡುತ್ತಿದ್ದೇನೆ. ಸ್ವಲ್ಪ ಹೊತ್ತಿಗೆ ಹೊರಗೆ ಬಂದ. ಚೆಂಡು ಕೈಯಲ್ಲಿತ್ತು. ತಂಡದವರೆಲ್ಲ ಕೂಗಿ ಕುಣಿದು ಅವನ ಕಡೆ ಓಡಿದರು. ಗೆದ್ದೆವು ಎಂದೇ ತಿಳಿದರು. ಅಂಪೈರ್ ಕೇಳಿದ, ಹಿಡಿದದ್ದಾ, ಎತ್ತಿದ್ದಾ? ನೋಡಿದವರು ಯಾರೂ ಇಲ್ಲ. ಅವನು ಹೂಂ ಅಂದರೆ ಮುಗಿಯಿತು.

"ನೆಲಕ್ಕೆ ತಾಗಿತು," ಅಂದ.

ಆ ಮ್ಯಾಚು ಸೋತರು. ಬಿರಿಯಾನಿಯ ಹೊತ್ತಿಗೆ ಇವನ ಜೊತೆ ಒಬ್ಬರೂ ಮಾತಾಡಲಿಲ್ಲ. ನಾನು ಅವನ ಪಕ್ಕದಲ್ಲೇ ಕೂತು ಉಂಡೆ, ನನಗೆ ನೆನಪಿದೆ. ಆದರೆ ಗೆದ್ದ ಶಬೀರ್ ತಂಡವಾದರೂ ಮುಂದಿನ ವರ್ಷ ಇಂಥವನೊಬ್ಬ ನಮಗಿರಲಿ ಎಂದು ಹೆಸರು ಬರೆಸಿತೇ? ಇಲ್ಲ. ನೋಡುವ ಅಂದಿತು.

ಈಗ ಶೇನ್ ವಿಷಯ. ಶೇನ್, ನಿನಗೆ ಕನ್ನಡ ಅರ್ಥವಾಗುತ್ತದೆ, ನನಗೆ ಗೊತ್ತು. ಉತ್ತರ ಇಂಗ್ಲಿಷಿನಲ್ಲಿ ಕೊಟ್ಟರೂ ಪರವಾಗಿಲ್ಲ. ಕೇಳು.

ಹೋದ ಚಳಿಗಾಲದಲ್ಲಿ ಒಂದು ಶುಕ್ರವಾರ ನೀನೂ ಬಂದಿದ್ದೆ. ಆವತ್ತು ಆನ್ಸನ್ ತಂಡ ಕಪ್ ಗೆದ್ದಿತು. ಫೋಟೋ ತೆಗೆಯುವಾಗ ನಿಮ್ಮಪ್ಪ ಪಕ್ಕಕ್ಕೆ ಸರಿದು, ಅವರ ಫೋನಿನಲ್ಲೇ ಅವರ ಫೋಟೋ ತೆಗೆದುಕೊಟ್ಟ. ವಾಪಸ್ಸು ಬರುವಾಗ ಕಾರಿನ ಹಿಂದಿನ ಸೀಟಿನಿಂದ ನೀನು ಕೇಳಿದೆ. "ಡ್ಯಾಡಾ, ವೈ ಡು ಯು ಗೋ? ನೋಬಡಿ ಈವನ್ ಪಿಕ್ಸ್ ಯು."

ನೀನು ಕೇಳಿದ್ದು ತಪ್ಪಲ್ಲ. ಮನೆಯ ಮಕ್ಕಳು ಕೇಳಬೇಕಾದ ಪ್ರಶ್ನೆಯೇ ಅದು. ನಾನೂ ಕೇಳುತ್ತಿದ್ದೆ, ಬೈಗುಳ ಸೇರಿಸಿ ಕೇಳುತ್ತಿದ್ದೆ. ಅವನು ಕೊಂಕಣಿಯಲ್ಲಿ ಉತ್ತರ ಕೊಟ್ಟ. ನನಗೆ ಕೊಂಕಣಿ ಬಾರದು, ಆದರೆ ಅಷ್ಟು ವರ್ಷ ಅವನ ಜೊತೆ ಕೂತು ಚಹಾ ಕುಡಿದವನಿಗೆ ಅಷ್ಟು ತಿಳಿಯುತ್ತದೆ. ಟೀಮಿಗೆ ತೆಗೆದುಕೊಳ್ಳುವಷ್ಟು ಒಳ್ಳೆಯ ಪ್ಲೇಯರ್ ನಾನಲ್ಲ ಪುತಾ, ಅಂದ. ಓಡಲಿಕ್ಕಾದರೂ ಕರೆಯುತ್ತಾರಲ್ಲ, ಅದೇ ದೊಡ್ಡದು, ಅಂದ.

ಅವನು ಸುಮ್ಮನೆ ವಿನಯಕ್ಕೆ ಹೇಳಿದ ಮಾತಲ್ಲ ಅದು. ನಂಬಿದ್ದ. ನನ್ನ ಸಂಕಟ ಇರುವುದೇ ಅಲ್ಲಿ. ಇಪ್ಪತ್ತು ವರ್ಷ ಈ ಮರಳಿನ ಮೇಲೆ ಓಡಿ ಓಡಿ, ಕೊನೆಗೆ ತಾನು ಯಾರಿಗೂ ಬೇಡದವನು ಎಂದು ನಂಬಿಕೊಂಡೇ ಹೋದ. ಹೋದ ತಿಂಗಳು ಡ್ಯೂಟಿಗೆ ಹೊರಟವನು ಫರ್ವಾನಿಯಾದ ಮನೆಯ ಮೆಟ್ಟಿಲ ಮೇಲೆ ಎದೆ ಹಿಡಿದು ಕೂತ. ಆಸ್ಪತ್ರೆ ಮುಟ್ಟುವ ಮುಂಚೆ ಎಲ್ಲ ಮುಗಿದಿತ್ತು. ಕಿನ್ನಿಗೋಳಿಯಲ್ಲಿ ಮಣ್ಣು ಮಾಡಿ ಇವರಿಬ್ಬರು ವಾಪಸ್ಸು ಬಂದಿದ್ದಾರೆ — ಅಕ್ಕನಿಗೆ ಆಸ್ಪತ್ರೆಯ ನರ್ಸ್ ಡ್ಯೂಟಿ, ಇವನಿಗೆ ಹನ್ನೆರಡನೆಯ ಕ್ಲಾಸಿನ ಪರೀಕ್ಷೆ.

ಇನ್ನು ಕಳೆದ ವಾರದ್ದು. ನಾನು ಇಲ್ಲಿ ನಿಂತಿರುವುದೇ ಅದಕ್ಕಾಗಿ.

ಈ ಸಭೆಯ ತಯಾರಿಗೆ ಫರ್ವಾನಿಯಾದ ಒಂದು ಹೋಟೆಲಿನಲ್ಲಿ ಸೇರಿದ್ದೆವು. ಎಲ್ಲ ತಂಡಗಳ ನಾಯಕರು, ಕಾರ್ಖಾನೆಯ ಕಡೆಯಿಂದ ನಾನು. ಚಹಾ ಬಂತು, ಸಮೋಸ ಬಂತು, ಜಗಳ ಬಂತು. ಏನು ಜಗಳ? ಬ್ಯಾನರಿನ ಫೋಟೋಗೆ ಯಾವ ತಂಡದ ಜೆರ್ಸಿ ಹಾಕಬೇಕು ಎಂದು. ಒಬ್ಬರು ಮೋರಿಸ್ ನಮ್ಮವನು ಅಂದರು. ಇನ್ನೊಬ್ಬರು ನಮಗೇ ಜಾಸ್ತಿ ಆಡಿದ್ದು ಅಂದರು. ಊರು ಕೊಳ್ಳೆ ಹೊಡೆದ ಮೇಲೆ ಕೋಟೆ ಬಾಗಿಲು ಹಾಕಿದರಂತೆ, ಹಾಗಾಯಿತು. ಜಗಳ ಬಗೆಹರಿಸಲು ಶಬೀರ್ ಭಾಯಿ ಹೇಳಿದರು — ಶಬೀರ್ ಭಾಯಿ, ನೀವು ಪ್ರೀತಿಯಿಂದಲೇ ಹೇಳಿದಿರಿ, ನಾನು ಸುಳ್ಳು ಸೇರಿಸುವುದಿಲ್ಲ.

"ಯಾಕೆ ಜಗಳ ಮಾಡ್ತೀರಿ? ಅವರು ನಮ್ಮೆಲ್ಲರ ಪ್ಲೇಯರ್ ಅಲ್ವ. ಅದಕ್ಕೇ ಅಲ್ವ ನಾವು ಅವತ್ತು ಒಟ್ಟಿಗೆ ಕೂತು ಮಾತಾಡಿಕೊಂಡದ್ದು, ಮೋರಿಸ್ ಭಾಯಿಯನ್ನು ಯಾರೂ ರಿಜಿಸ್ಟರ್ ಮಾಡುವುದು ಬೇಡ ಅಂತ. ಒಬ್ಬರು ಮಾಡಿದರೆ ಉಳಿದವರಿಗೆ ಸಿಗುವುದಿಲ್ಲ ಅಂತ."

ನನಗೆ ಮೊದಲು ತಿಳಿಯಲಿಲ್ಲ. ಇನ್ನೊಮ್ಮೆ ಹೇಳಿ ಅಂದೆ. ಇನ್ನೊಮ್ಮೆ ಹೇಳಿದರು. ಮೇಜಿನ ಸುತ್ತ ಎಲ್ಲರೂ ತಲೆ ಆಡಿಸಿದರು. ಹೌದು, ಹೌದು, ಹಾಗೇ ಮಾತಾಗಿತ್ತು. ಪ್ರತಿ ವರ್ಷ ಹಾಗೇ ನಡೆದುಕೊಂಡು ಬಂತು.

ಕೇಳಿಸಿತೇ ಎಲ್ಲರಿಗೂ? ಹಿಂದೆ ಕೂತವರಿಗೆ ಕೇಳಿಸಿತೇ? ಅವನು ಬೇಡವಾಗಿದ್ದಕ್ಕೆ ಬಿಟ್ಟದ್ದಲ್ಲ. ಎಲ್ಲರಿಗೂ ಬೇಕಾಗಿದ್ದಕ್ಕೆ ಬಿಟ್ಟದ್ದು. ಇಡೀ ಲೀಗಿನಲ್ಲಿ ಇನ್ನೊಬ್ಬರಿಗೆ ಬಿಟ್ಟುಕೊಡಲು ಯಾರಿಗೂ ಮನಸ್ಸಿಲ್ಲದ ಒಬ್ಬನೇ ಆಟಗಾರ, ಅವನೊಬ್ಬನಿಗೇ ತಂಡವಿಲ್ಲ.

ನಾನು ಕೇಳಿದೆ, "ಈ ಮಾತು ಅವನಿಗೆ ಹೇಳಿದ್ರೇನ್ರಿ ಯಾರರ?"

ಯಾರೂ ಹೇಳಿರಲಿಲ್ಲ. ಅಧ್ಯಕ್ಷರು ಅಂದರು, "ಅದು ಗೌರವದಿಂದ ಮಾಡಿದ್ದೇ ಗುರುಸಿದ್ದ. ಹೇಳಿದ್ರೂ ಅವರು ಬೇಜಾರು ಮಾಡ್ತಿರ್ಲಿಲ್ಲ. ನಕ್ಕು ಒಪ್ಪಿಕೊಳ್ತಿದ್ದರು."

ಹೌದು ಆನ್ಸನ್ ಅವರೇ. ಒಪ್ಪಿಕೊಳ್ಳುತ್ತಿದ್ದ. ನಕ್ಕೇ ಒಪ್ಪಿಕೊಳ್ಳುತ್ತಿದ್ದ. ಅದಕ್ಕೇ ಹೇಳಬೇಕಾಗಿತ್ತು. ಒಂದು ಫೋನ್. ನಿನ್ನನ್ನು ಬಿಟ್ಟುಕೊಡಲು ನಮಗೆ ಯಾರಿಗೂ ಆಗುವುದಿಲ್ಲ ಮೋರಿಸ್, ಅದಕ್ಕೆ ಹೀಗೆ ಮಾಡಿದ್ದೇವೆ ಎಂಬ ಒಂದು ಮಾತು. ಅವನು ಆ ಮಾತನ್ನು ಸಾಯುವ ತನಕ ಜೇಬಿನಲ್ಲಿಟ್ಟುಕೊಂಡು ತಿರುಗುತ್ತಿದ್ದ. ಮನೆಗೆ ಹೋಗಿ ಮಗನಿಗೆ ಹೇಳುತ್ತಿದ್ದ. ನೀವು ಕೊಟ್ಟದ್ದೇನು? ನೋಡುವ.

ಬಾಯಿ ಇದ್ದವನು ಬರಗಾಲದಲ್ಲೂ ಬದುಕಿದ ಅನ್ನುತ್ತಾರೆ. ಇವನಿಗೆ ಬಾಯಿ ಇರಲಿಲ್ಲ. ಯಾಕೆ ನನ್ನನ್ನು ತೆಗೆದುಕೊಳ್ಳುವುದಿಲ್ಲ ಎಂದು ಒಮ್ಮೆಯೂ ಕೇಳಲಿಲ್ಲ. ಕೇಳದವನಿಗೆ ಹೇಳುವುದು ನಮ್ಮಲ್ಲಿ ಯಾರಿಗೂ ಹೊಳೆಯುವುದಿಲ್ಲ.

ಆ ಹೋಟೆಲಿನಲ್ಲಿ ನನಗೆ ಇನ್ನೊಂದು ಮಾತು ಹೇಳಿದರು. ಇದನ್ನೆಲ್ಲ ಸಭೆಯಲ್ಲಿ ಎತ್ತುವುದು ಬೇಡ, ದುಃಖದ ಮನೆಯವರಿರುತ್ತಾರೆ ಅಂದರು. ಅದೂ ಸರಿಯೇ ಇರಬಹುದು ಎಂದು ನಾನು ಮೊಲ್ಲಿ ಅಕ್ಕನ ಮನೆಗೆ ಹೋದೆ. ಎಲ್ಲ ಹೇಳಿದೆ. ಅಕ್ಕ ಡ್ಯೂಟಿಯಿಂದ ಬಂದು ಬಟ್ಟೆಯೂ ಬದಲಿಸಿರಲಿಲ್ಲ. ಹಾಗೇ ಕುರ್ಚಿಯಲ್ಲಿ ಕೂತರು. ಆಮೇಲೆ ಅತ್ತರು, ಮಣ್ಣು ಮಾಡಿದ ದಿನ ಅತ್ತಿದ್ದರೋ ಇಲ್ಲವೋ ನನಗೆ ಗೊತ್ತಿಲ್ಲ. ಹೇಳಲೋ ಬೇಡವೋ ಎಂದು ಕೇಳಿದೆ.

"ನನಗೆ ಹೇಳಿದಿರಲ್ಲ, ನನಗೆ ಸಾಕು," ಅಂದರು. "ಶೇನ್‌ಗೆ ನಾನು ಹೇಳಿದರೆ, ಮಮ್ಮಿ ಸಮಾಧಾನಕ್ಕೆ ಹೇಳ್ತಾಳೆ ಅಂತ ತಿಳೀತಾನೆ. ನೀವು ಎಲ್ಲರ ಎದುರು ಹೇಳಿ."

ಅದಕ್ಕೆ ಹೇಳಿದೆ.

ನನ್ನ ಸಿಟ್ಟು ಇಳಿದಿಲ್ಲ. ಇಳಿಯುವ ಸಿಟ್ಟೂ ಅಲ್ಲ ಇದು. ನಾಯಕರೆಲ್ಲ ಒಳ್ಳೆಯವರೇ. ಶಬೀರ್ ಭಾಯಿ ವಿಮಾನ ನಿಲ್ದಾಣದ ತನಕ ಬಂದು ಪೆಟ್ಟಿಗೆಗೆ ಹೆಗಲು ಕೊಟ್ಟರು. ಆನ್ಸನ್ ಅವರು ಕಾಗದಪತ್ರಕ್ಕೆ ಆಫೀಸಿಂದ ಆಫೀಸಿಗೆ ಓಡಾಡಿದರು. ಕೆಟ್ಟವರು ಒಬ್ಬರಾದರೂ ಇದ್ದಿದ್ದರೆ ನಾನು ಅವರನ್ನು ಬೈದು ಹಗುರಾಗುತ್ತಿದ್ದೆ. ಟ್ರೋಫಿಯ ವಿಷಯ ನಿಮಗೆ ಬಿಟ್ಟದ್ದು. ಇಡುವುದಾದರೆ ಫೀಲ್ಡರಿಗೆ ಇಡಿ, ಇಲ್ಲದಿದ್ದರೆ ಬಿಡಿ.

ಈಗ ಮೌನ ಆಚರಿಸುವ ಹೊತ್ತು. ಎಲ್ಲರೂ ಒಟ್ಟಿಗೆ ಏಳಬೇಡಿ. ಸ್ವಲ್ಪ ಕೂತಿರಿ. ಇದೊಂದು ನನ್ನ ಮಾತು ನಡೆಸಿಕೊಡಿ.

ಮೋರಿಸ್‌ನ ಹೆಸರು ಯಾರೂ ಬರೆಸುವುದು ಬೇಡ ಎಂದು ಅವತ್ತು ಕೂತು ಮಾತಾಡಿಕೊಂಡವರು, ನಾಯಕರು, ಮ್ಯಾನೇಜರುಗಳು — ನೀವು ಮೊದಲು ಎದ್ದು ನಿಲ್ಲಿ.

ಹೂಂ. ಶಬೀರ್ ಭಾಯಿ. ಸಲಾಂ ಅವರೇ. ವೇದಿಕೆಯ ಮೇಲಿರುವವರೂ. ಹಿಂದೆ ಗೋಡೆಯ ಹತ್ತಿರ ಇರುವವರೂ. ನಾಚಿಕೆಪಡಬೇಡಿ. ನಿಲ್ಲಿ.

ಶೇನ್, ತಿರುಗಿ ನೋಡು. ಅವಸರ ಮಾಡಬೇಡ, ಒಬ್ಬೊಬ್ಬರ ಮುಖ ನೋಡು. ಇವರೆಲ್ಲರಿಗೂ ನಿಮ್ಮಪ್ಪ ಬೇಕಾಗಿದ್ದ.

ಇನ್ನು ಉಳಿದವರೂ ಏಳಿ.